ಮಗಳಿಗೆ ಮೊದಲು ‘ಒನ್ ವೀಕ್’ ತೋರಿಸಿ

ಸರ್, ಎಂಟು ವರ್ಷದ ಮಗಳಿಗೆ ಮೂಕಿ ಸಿನಿಮಾಗಳ ಹಾಸ್ಯನಟ ಬಸ್ಟರ್ ಕೀಟನ್‌ದು ಯಾವ ಸಿನಿಮಾ ಮೊದ್ಲು ತೋರಿಸ್ಲಿ, ಆ ಹಳೇ ಸಿನಿಮಾಗಳಲ್ಲಿ ಎಲ್ರೂ ಯಾಕೆ ಅಷ್ಟು ಫಾಸ್ಟಾಗಿ ಓಡಾಡ್ತಾರೆ ಅಂತ ಕೇಳಿದ್ರಲ್ಲ, ಕಣ್ಣು ಮುಚ್ಕೊಂಡು 1920ರ ‘ಒನ್ ವೀಕ್’ ಹಾಕಿ. ಇಪ್ಪತ್ತು ನಿಮಿಷದ ಆಸುಪಾಸು ಅಷ್ಟೇ. ಹೊಸದಾಗಿ ಮದ್ವೆ ಆದ ಜೋಡಿಗೆ ಡಬ್ಬಗಳಲ್ಲಿ ಬಿಡಿಬಿಡಿಯಾಗಿ ಬಂದ ಮನೆ ಗಿಫ್ಟ್ ಸಿಗುತ್ತೆ, ಆ ಹುಡುಗಿ ಬೇಡ ಅಂದಿದ್ದ ಒಬ್ಬ ಹೊಟ್ಟೆಕಿಚ್ಚಿಗೆ ಡಬ್ಬಗಳ ನಂಬರ್ ಬದಲಾಯಿಸಿಬಿಡ್ತಾನೆ, ಆಮೇಲೆ ಎದ್ದು ನಿಲ್ಲೋ ಸೊಟ್ಟ ಮನೆ ನೋಡ್ಬೇಕು ನೀವು! ಮಹಡಿ ಮೇಲಿನ ಬಾಗಿಲು ತೆಗೆದು ಕಾಲಿಟ್ರೆ ಆಚೆ ಏನೂ ಇಲ್ಲ, ಸೀದಾ ನೆಲಕ್ಕೆ.

ಕೊನೇಲಿ ಮನೇನ ಬೇರೆ ಜಾಗಕ್ಕೆ ಎಳ್ಕೊಂಡು ಹೋಗ್ತಿರೋವಾಗ ಅದು ರೈಲು ಹಳಿ ಮೇಲೆ ಸಿಕ್ಕಾಕೊಳ್ಳುತ್ತೆ. ರೈಲು ಬರ್ತಿದೆ, ಇಬ್ರೂ ಕಣ್ಣು ಮುಚ್ಕೋತಾರೆ, ಅದು ಪಕ್ಕದ ಹಳೀಲಿ ಹೋಗ್ಬಿಡುತ್ತೆ, ಅಬ್ಬಾ ಅಂತ ಉಸಿರು ಬಿಡೋಷ್ಟರಲ್ಲಿ... ಮುಂದಿಂದು ಹೇಳಲ್ಲ, ಮಗಳ ಮುಖ ನೋಡ್ತಾ ಇರಿ ಆಗ. ಅದು ನಿಜವಾದ ರೈಲೇ, ನಿಜವಾದ ಮನೇನೇ. ಅಷ್ಟೆಲ್ಲಾ ಆದ್ರೂ ಕೀಟನ್ ಒಂದ್ಸಲಾನೂ ನಗಲ್ಲ, ನಂಗೆ ಅದೇ ತುಂಬಾ ಇಷ್ಟ.

ಇನ್ನು ಸ್ಪೀಡ್ ವಿಷ್ಯ. ಆಗ ಕ್ಯಾಮೆರಾನ ಕೈಯಲ್ಲೇ ತಿರುಗಿಸ್ತಿದ್ರು, ಸೆಕೆಂಡಿಗೆ ಸುಮಾರು 16ರಿಂದ 20 ಫ್ರೇಮ್, ಅಂದ್ರೆ ಬಿಡಿ ಚಿತ್ರಗಳು, ಕಾಮಿಡಿಗೆ ಬೇಕಂತಾನೇ ಇನ್ನೂ ನಿಧಾನ ತಿರುಗಿಸ್ತಿದ್ದದ್ದೂ ಉಂಟು. ಅದನ್ನ ಈಗಿನ 24ರಲ್ಲಿ ಓಡಿಸಿದ್ರೆ ಎಲ್ರೂ ಇರುವೆ ಥರ ಓಡ್ತಾರೆ. ಹಾಗಾಗಿ ಸರಿಯಾದ ಸ್ಪೀಡಿಗೆ ರಿಸ್ಟೋರ್ ಮಾಡಿರೋ ಪ್ರಿಂಟ್ ಹುಡುಕಿ ಹಾಕಿ, ಕೀಟನ್ ಬೀಳೋ ರೀತಿಯಲ್ಲಿರೋ ಲೆಕ್ಕಾಚಾರ ಆವಾಗ್ಲೇ ಕಾಣೋದು.