‘ಏಳನೇ ನಂಬರಿನ ಸಿಂಹ’: ಲೇಖಕರಿಗೆ ಸಂಪಾದಕರ ಉತ್ತರ

ಪ್ರಿಯ ಲೇಖಕರೇ,

ಫಿಲಿಪೀನ್ಸ್‌ನ ನಿವೃತ್ತ ಬಾಸ್ಕೆಟ್‌ಬಾಲ್ ಆಟಗಾರ ರಾಬರ್ಟ್ ಜವೊರ್ಸ್ಕಿ ಅವರನ್ನು ಕುರಿತು ನೀವು ಕಳಿಸಿದ ‘ಏಳನೇ ನಂಬರಿನ ಸಿಂಹ’ ಲೇಖನವನ್ನು ಎರಡು ಸಲ ಓದಿದೆ. ಈಗಿರುವ ರೂಪದಲ್ಲಿ ಇದನ್ನು ಪ್ರಕಟಿಸಲಾಗದು. ಆದರೆ ವಿಷಾದದ ನಾಲ್ಕು ಸಾಲು ಗೀಚಿ ಹಿಂದಿರುಗಿಸುವಂಥ ವಿಷಯವನ್ನು ನೀವು ಆರಿಸಿಕೊಂಡಿಲ್ಲವಾದ್ದರಿಂದ, ತುಸು ದೀರ್ಘವಾಗಿಯೇ ಉತ್ತರಿಸುತ್ತಿದ್ದೇನೆ. ಮಾತು ಖಾರವೆನಿಸಿದರೆ ಬೇಸರಿಸಬೇಡಿ.

ನಿಮ್ಮ ಲೇಖನದ ಜವೊರ್ಸ್ಕಿ ಒಮ್ಮೆಯೂ ತಪ್ಪು ಮಾಡುವುದಿಲ್ಲ. 1946ರಲ್ಲಿ ಬಾಗಿಯೊ ನಗರದಲ್ಲಿ ಹುಟ್ಟುತ್ತಾರೆ, ಯೂನಿವರ್ಸಿಟಿ ಆಫ್ ದಿ ಈಸ್ಟ್ ಪರ ಆಡುತ್ತಾರೆ, 1967ರಲ್ಲಿ ಸೋಲ್‌ನಲ್ಲಿ ಏಷ್ಯಾ ಪ್ರಶಸ್ತಿ ಗೆದ್ದ ತಂಡದಲ್ಲಿರುತ್ತಾರೆ, ಮರುವರ್ಷ ಮೆಕ್ಸಿಕೊ ಒಲಿಂಪಿಕ್ಸ್‌ಗೆ ಹೋಗುತ್ತಾರೆ, 1978ರಲ್ಲಿ ದೇಶದ ವೃತ್ತಿಪರ ಬಾಸ್ಕೆಟ್‌ಬಾಲ್ ಲೀಗ್ ಪಿಬಿಎಯ ಅತ್ಯುತ್ತಮ ಆಟಗಾರರಾಗುತ್ತಾರೆ, 1998ರಲ್ಲಿ ಸೆನೆಟರ್ ಆಗುತ್ತಾರೆ. ಇವೆಲ್ಲ ನಿಜ. ಆದರೆ ಒಟ್ಟಾಗಿ ಓದಿದಾಗ, ಸನ್ಮಾನ ಸಮಾರಂಭದಲ್ಲಿ ಶಾಲು ಹೊದಿಸುವ ಮುನ್ನ ಓದುವ ಬಿನ್ನವತ್ತಳೆಯಂತೆ ಕೇಳಿಸುತ್ತದೆ.

1971 ಎಲ್ಲಿ ಹೋಯಿತು? ಆ ವರ್ಷ ಮೆರಾಲ್ಕೊ ಮತ್ತು ಕ್ರಿಸ್ಪಾ ತಂಡಗಳ ಪಂದ್ಯದಲ್ಲಿ ಮೆರಾಲ್ಕೊ ಪರ ಆಡುತ್ತಿದ್ದ ಜವೊರ್ಸ್ಕಿ ಮತ್ತು ಅವರ ಜೊತೆಗಾರ ಆಲ್ಬರ್ಟೊ ರೇನೊಸೊ ರೆಫರಿಗಳ ಮೇಲೆ ಕೈಮಾಡಿದರು; ಇಬ್ಬರಿಗೂ ಆಜೀವ ನಿಷೇಧ ವಿಧಿಸಲಾಯಿತು. 25ನೆಯ ವಯಸ್ಸಿಗೇ ಆಟ ಮುಗಿಯಿತು ಎನ್ನುವ ಸ್ಥಿತಿ. 1973ರಲ್ಲಿ ಏಷ್ಯಾ ಚಾಂಪಿಯನ್‌ಷಿಪ್ ಮನಿಲಾದಲ್ಲೇ ನಡೆಯುವುದಿತ್ತು, ದೇಶಕ್ಕೆ ಇವರು ಬೇಕಾಗಿದ್ದರು. ನಿಷೇಧ ತೆರವಾಯಿತು, ಫಿಲಿಪೀನ್ಸ್ ಗೆದ್ದಿತು. ನೀವು ಈ ಗೆಲುವನ್ನು ಬರೆದು ನಿಷೇಧವನ್ನು ಬಿಟ್ಟಿದ್ದೀರಿ. 1977ರ ಏಪ್ರಿಲ್ ಕೂಡ ಕಾಣೆಯಾಗಿದೆ. ಜವೊರ್ಸ್ಕಿಯ ಆಗಿನ ತಂಡ ಟೊಯೋಟಾ ಮತ್ತು ಕ್ರಿಸ್ಪಾ ಆಟಗಾರರು ಪಂದ್ಯ ಮುಗಿದ ಮೇಲೆ ಹೊಡೆದಾಡಿಕೊಂಡಾಗ, ಜವೊರ್ಸ್ಕಿಯೂ ಸೇರಿದಂತೆ ಹಲವರನ್ನು ಫೋರ್ಟ್ ಬೋನಿಫಾಸಿಯೊ ಸೇನಾ ಶಿಬಿರದಲ್ಲಿ ಕೂಡಿಹಾಕಿದರು. ಅಧ್ಯಕ್ಷ ಮಾರ್ಕೋಸ್ ಹೇರಿದ ಸೇನಾಡಳಿತ ಜಾರಿಯಲ್ಲಿದ್ದ ಕಾಲವದು. ಆಟದ ಜಗಳಕ್ಕೆ ಸೇನಾ ಶಿಬಿರ ಎನ್ನುವ ಒಂದೇ ಸಂಗತಿಯಿಂದ ಆಗಿನ ಮನಿಲಾ ಓದುಗರ ಕಣ್ಣಿಗೆ ಕಟ್ಟುತ್ತಿತ್ತು. ನೀವು ಆ ಜಾಗದಲ್ಲಿ ‘ರೋಚಕ ಪೈಪೋಟಿ’ ಎಂಬ ಎರಡು ಪದ ಇಟ್ಟಿದ್ದೀರಿ.

ಈ ಘಟನೆಗಳನ್ನು ಹೆಕ್ಕಿ ತೆಗೆಯುವುದು ಅವರ ಹೆಸರಿಗೆ ಮಸಿ ಬಳಿಯಲೆಂದಲ್ಲ. ಇವಿಲ್ಲದೆ ನಿಮ್ಮದೇ ಲೇಖನದ ಅತ್ಯುತ್ತಮ ಭಾಗ, ಅಂದರೆ 1985ರ ಅಕ್ಟೋಬರ್ 22ರ ರಾತ್ರಿ, ಅರ್ಥವಾಗುವುದಿಲ್ಲ. ನೀವು ಬರೆದಿರುವುದು ಹೀಗೆ: ‘ರಕ್ತಸಿಕ್ತ ತುಟಿಯಿಂದಲೂ ಸಿಂಹದಂತೆ ಗರ್ಜಿಸಿ ಎದುರಾಳಿಗಳನ್ನು ಧೂಳೀಪಟ ಮಾಡಿದ ಮಹಾಚೇತನ’. ತುಟಿಗೆ ಹೊಲಿಗೆ ಬಿದ್ದ ಮನುಷ್ಯ ಗರ್ಜಿಸಲಾರ, ಸ್ವಾಮಿ. ನಡೆದದ್ದು ಇಷ್ಟು: ಎದುರು ತಂಡವಾದ ನಾರ್ದರ್ನ್ ಕನ್ಸಾಲಿಡೇಟೆಡ್ ಸಿಮೆಂಟ್‌ನ ಜೆಫ್ ಮೂರ್ ಅವರ ಮೊಣಕೈ ಬಡಿದು ಜವೊರ್ಸ್ಕಿಯ ತುಟಿ ಸೀಳಿತು. ಆಸ್ಪತ್ರೆಗೆ ಒಯ್ದು ಒಂಬತ್ತು ಹೊಲಿಗೆ ಹಾಕಿದರು. ಕೊನೆಯ ಕ್ವಾರ್ಟರ್‌ನಲ್ಲಿ ಅವರ ತಂಡ ಜಿನೆಬ್ರಾ 15 ಅಂಕ ಹಿಂದಿದ್ದಾಗ, 39 ವರ್ಷದ ಅದೇ ಮನುಷ್ಯ ಹೊಲಿದ ತುಟಿಯಲ್ಲೇ ಮರಳಿ ಬಂದು ಅಂಕಣಕ್ಕಿಳಿದರು. ಕ್ರೀಡಾಂಗಣವೇ ಎದ್ದು ನಿಂತಿತು, ಎದುರಾಳಿಗಳ ಲಯ ಕೆಟ್ಟಿತು, ಜಿನೆಬ್ರಾ ಗೆದ್ದಿತು. ‘ನೆವರ್ ಸೇ ಡೈ’ ಎಂದು ಆ ತಂಡದ ಅಭಿಮಾನಿಗಳು ಇಂದಿಗೂ ಕೂಗುವ ಘೋಷಣೆಯ ಜೊತೆಗೆ ಈ ರಾತ್ರಿಯ ನೆನಪು ಅಂಟಿಕೊಂಡಿದೆ. ಮಹಾಚೇತನವನ್ನು ಹೊಡೆದುಹಾಕಿ, ಹೊಲಿಗೆಯ ಲೆಕ್ಕ ಕೊಡಿ; ಆ ಪ್ಯಾರಾಕ್ಕೆ ಅದಕ್ಕಿಂತ ದೊಡ್ಡ ವಿಶೇಷಣ ಬೇಕಿಲ್ಲ. 1971ರಲ್ಲಿ ರೆಫರಿಯ ಮೇಲೆ ಎರಗಿದ ಮೈಯೂ 1985ರಲ್ಲಿ ಆಸ್ಪತ್ರೆಯಿಂದ ಎದ್ದು ಬಂದ ಮೈಯೂ ಒಂದೇ. ಅದನ್ನು ಓದುಗರು ತಾವಾಗಿ ಕಾಣುವಂತೆ ಎರಡನ್ನೂ ಬರೆಯಿರಿ.

ಇನ್ನು ಭಾಷೆ. ‘ಅವರು ತಮ್ಮ ವೃತ್ತಿಜೀವನದಲ್ಲಿ 5,800ಕ್ಕೂ ಹೆಚ್ಚು ಸಹಾಯಗಳನ್ನು ಮಾಡಿದರು’ ಎಂದು ಬರೆದಿದ್ದೀರಿ. ಓದುಗರು ಇದನ್ನು ದಾನಧರ್ಮವೆಂದು ತಿಳಿದಾರು. ‘ಅಸಿಸ್ಟ್’ ಎಂದೇ ಬರೆಯಿರಿ. ಜೊತೆಗಾರ ನೇರವಾಗಿ ಬುಟ್ಟಿಗೆ ಹಾಕುವಂತೆ ಚೆಂಡು ತಲುಪಿಸಿದ ಪಾಸ್ ಎಂದು ಒಮ್ಮೆ ವಿವರಿಸಿದರೆ ಸಾಕು. ವಿವರಿಸಿದ ಮೇಲೆ ಅಲ್ಲಿಯೇ ಒಂದು ಕ್ಷಣ ನಿಲ್ಲಬಹುದಿತ್ತು: ಮೈಮೇಲೆ ಬೀಳುವ ಒರಟ ಎಂದು ಹೆಸರಾದ ಆಟಗಾರನ ಬಹುದೊಡ್ಡ ಗಳಿಕೆ ಬೇರೆಯವರ ಕೈಗೆ ಚೆಂಡು ಕೊಡುವುದರಲ್ಲಿತ್ತು. ಅಂಕಣದಲ್ಲಿರುವಾಗ ‘ಅವನು’ ಎಂದು, ಸೆನೆಟ್ ಪ್ರವೇಶಿಸಿದೊಡನೆ ‘ಶ್ರೀಯುತರು’ ಎಂದು ನೀವು ಸಂಬೋಧನೆ ಬದಲಿಸಿರುವುದೂ ಕಿರಿಕಿರಿಯಾಗುತ್ತದೆ. ‘ಅವರು’ ಸಾಕು, ಉದ್ದಕ್ಕೂ.

ತಂಡಗಳ ಹೆಸರಿನಲ್ಲಿ ನಾನೇ ಒಮ್ಮೆ ದಾರಿ ತಪ್ಪಿದೆ. ಗಿಲ್ಬೀಸ್, ಜಿನೆಬ್ರಾ, ಅನ್ಯೆಹೊ, ಗಾರ್ಡನ್ಸ್ ಎಂದು ನಾಲ್ಕು ಹೆಸರು ಬರುತ್ತವೆ. ಜವೊರ್ಸ್ಕಿ ನಾಲ್ಕು ತಂಡ ಬದಲಿಸಿದರೆಂದೇ ಓದುಗರು ತಿಳಿಯುತ್ತಾರೆ. ಇದ್ದದ್ದು ಒಂದೇ ತಂಡ. 1975ರಲ್ಲಿ ಆರಂಭವಾದ, ಏಷ್ಯಾದ ಮೊದಲ ವೃತ್ತಿಪರ ಬಾಸ್ಕೆಟ್‌ಬಾಲ್ ಲೀಗ್ ಎನಿಸಿದ ಪಿಬಿಎಯಲ್ಲಿ ತಂಡಗಳು ಊರಿನವಲ್ಲ, ಕಂಪನಿಯವು. ಒಡೆಯರು ಆ ವರ್ಷ ಜಿನ್ ಮಾರಬೇಕೋ ರಮ್ ಮಾರಬೇಕೋ ಎಂಬುದರ ಮೇಲೆ ಅಂಗಿಯ ಮೇಲಿನ ಹೆಸರು ಬದಲಾಗುತ್ತಿತ್ತು. ಬೆಂಗಳೂರಿನಲ್ಲಿ ಎಚ್‌ಎಎಲ್, ಐಟಿಐ ತಂಡಗಳ ಫುಟ್‌ಬಾಲ್ ನೋಡಿದ ಹಿರಿಯರಿಗೆ ಇದು ತಕ್ಷಣ ಹೊಳೆಯುತ್ತದೆ, ಐಪಿಎಲ್ ನೋಡಿ ಬೆಳೆದವರಿಗೆ ನೀವು ಹೇಳಬೇಕು. ಇದನ್ನು ಹೇಳಿದರೆ 1990 ಮತ್ತು 1991ರ ಕಥೆಗೂ ಬಲ ಬರುತ್ತದೆ. 1990ರ ಫೈನಲ್‌ನಲ್ಲಿ ಶೆಲ್ ವಿರುದ್ಧ ರೆಫರಿಗಳ ತೀರ್ಪಿಗೆ ಸಿಟ್ಟಾಗಿ ಅನ್ಯೆಹೊ ತಂಡ ಆರನೆಯ ಪಂದ್ಯದ ನಡುವೆಯೇ ಹೊರನಡೆದು ಪ್ರಶಸ್ತಿ ಕಳೆದುಕೊಂಡಿತು. ಮರುವರ್ಷ ಅದೇ ತಂಡ, ಜಿನೆಬ್ರಾ ಎಂಬ ಹೆಸರಿನಲ್ಲಿ, ಅದೇ ಶೆಲ್ ಎದುರು 1–3ರಿಂದ ಹಿಂದಿದ್ದು, ಏಳನೆಯ ಪಂದ್ಯದ ಕೊನೆಯ ಕ್ಷಣದಲ್ಲಿ ರೂಡಿ ಡಿಸ್ಟ್ರಿಟೊ ಹಾಕಿದ ಬುಟ್ಟಿಯಿಂದ ಗೆದ್ದಿತು. ಎರಡೂ ವರ್ಷ ಕೋಚ್ ಜವೊರ್ಸ್ಕಿಯೇ. ನೀವು 1991 ಮಾತ್ರ ಬರೆದಿದ್ದೀರಿ.

‘ಫಿಲಿಪೀನ್ಸ್‌ನ ಸಚಿನ್ ತೆಂಡೂಲ್ಕರ್’ ಎಂಬ ಹೋಲಿಕೆ ತೆಗೆಯಿರಿ. ಸಚಿನ್ ರೆಫರಿಗೂ ಅಂಪೈರಿಗೂ ಕೈಮಾಡಿದವರಲ್ಲ, ಐವತ್ತು ದಾಟಿಯೂ ಲೀಗ್ ಆಡಿದವರಲ್ಲ. ಕನ್ನಡದ ಓದುಗರಿಗೆ ದೂರದ ಮನುಷ್ಯನನ್ನು ಹತ್ತಿರ ತರಲು ಹತ್ತಿರದವರ ಮುಖವಾಡ ತೊಡಿಸಬೇಕಿಲ್ಲ.

ಸೆನೆಟ್ ಭಾಗಕ್ಕೆ ನೀವು ಕೊಟ್ಟಿರುವುದು ಒಂದೂವರೆ ಸಾಲು, ಅದೂ ‘ಜನಸೇವೆಗೆ ಮುಡಿಪಾದರು’ ಎಂದು. ಅಧ್ಯಕ್ಷ ಎಸ್ಟ್ರಾಡಾ ಅವರ ಮಹಾಭಿಯೋಗ ವಿಚಾರಣೆಯಲ್ಲಿ, 2001ರ ಜನವರಿ 16ರಂದು, ಬ್ಯಾಂಕ್ ದಾಖಲೆಗಳಿದ್ದ ಲಕೋಟೆಯನ್ನು ತೆರೆಯಬಾರದೆಂದು ಮತ ಹಾಕಿದ 11 ಸೆನೆಟರುಗಳಲ್ಲಿ ಜವೊರ್ಸ್ಕಿ ಒಬ್ಬರು; ತೆರೆಯಬೇಕೆಂದವರು 10. ಆ ರಾತ್ರಿಯೇ ಜನ ಬೀದಿಗಿಳಿದರು, ನಾಲ್ಕೇ ದಿನಗಳಲ್ಲಿ ಎಸ್ಟ್ರಾಡಾ ಅಧಿಕಾರ ಕಳೆದುಕೊಂಡರು. 2004ರಲ್ಲಿ ಜವೊರ್ಸ್ಕಿ ಮರುಆಯ್ಕೆ ಬಯಸಿ ಸೋತರು. ಅವರ ಮತ ಸರಿಯೋ ತಪ್ಪೋ ಎಂದು ನೀವು ತೀರ್ಪು ಕೊಡಬೇಕಿಲ್ಲ, ಆದರೆ ಮುಚ್ಚಿಡುವ ಹಾಗೂ ಇಲ್ಲ.

ಆರಂಭ ಎಲ್ಲಿಂದ ಎಂದು ಕೇಳಿದರೆ, ನಿಮ್ಮ ಆರನೆಯ ಪುಟದ ಮೂಲೆಯಲ್ಲಿ ಬಿದ್ದಿರುವ 1989ರ ಆಲ್‌ಸ್ಟಾರ್ ಪಂದ್ಯದಿಂದ ಎನ್ನುತ್ತೇನೆ. 1984ರಲ್ಲಿ ಟೊಯೋಟಾ ತಂಡ ಮುಚ್ಚಿ ಆಟಗಾರರನ್ನು ಇಡಿಯಾಗಿ ಹೊಸ ಒಡೆಯರಿಗೆ ವಹಿಸಿದಾಗ ಜವೊರ್ಸ್ಕಿ ಒಪ್ಪದೆ ಗಿಲ್ಬೀಸ್ ಸೇರಿದರು, ರಮೋನ್ ಫರ್ನಾಂಡಿಸ್ ಹೊಸ ತಂಡಕ್ಕೆ ಹೋದರು. ಒಂದು ಕಾಲದ ಜೊತೆಗಾರರ ನಡುವೆ ಮುನಿಸು ವರ್ಷಗಟ್ಟಲೆ ಉಳಿಯಿತು. ಆಲ್‌ಸ್ಟಾರ್ ಪಂದ್ಯದಲ್ಲಿ ಇಬ್ಬರೂ ಹಿರಿಯರ ತಂಡದಲ್ಲಿದ್ದರು. ಅವರ ಕೋಚ್ ಬೇಬಿ ಡಲುಪಾನ್, ಅಂದರೆ ಜವೊರ್ಸ್ಕಿಯ ಕಾಲೇಜು ದಿನಗಳ ಗುರು, ಆಮೇಲೆ ಕ್ರಿಸ್ಪಾದ ಕೋಚ್ ಆಗಿ ಅವರ ಕಡು ಎದುರಾಳಿ. ಅಂಕ 130–130. ಉಳಿದದ್ದು ಕೆಲವೇ ಸೆಕೆಂಡು. ಅಂಚಿನಿಂದ ಜವೊರ್ಸ್ಕಿ ಚೆಂಡು ಎಸೆಯುತ್ತಾರೆ, ಫರ್ನಾಂಡಿಸ್ ಹಿಡಿದು ಬುಟ್ಟಿಗೆ ಹಾಕುತ್ತಾರೆ, 132. ಡಲುಪಾನ್ ಒತ್ತಾಯಕ್ಕೆ ಇಬ್ಬರೂ ಕೈಕುಲುಕುತ್ತಾರೆ. ಮುನಿಸಿನ ಕಾರಣವನ್ನು ಮೊದಲೇ ಹೇಳಿಬಿಡಬೇಡಿ. ಕೈಕುಲುಕಿದ ಮೇಲೆ ಹಿಂದಕ್ಕೆ ಹೋಗಿ.

1,500 ಪದಗಳಲ್ಲಿ ತಿದ್ದಿ ಕಳಿಸಿ, ಶೀರ್ಷಿಕೆಯ ಸಿಂಹವನ್ನು ಬಿಟ್ಟು ಬನ್ನಿ. ನಿಷೇಧವಾಗಲಿ ಲಕೋಟೆಯಾಗಲಿ ಇಲ್ಲದೆ ಬಂದರೆ ಈ ಸಲ ಕಾರಣ ಬರೆಯದೆ ಹಿಂದಿರುಗಿಸುತ್ತೇನೆ.

ವಿಶ್ವಾಸದಿಂದ,
ಸಂಪಾದಕ