ಓದುಗರ ಪ್ರಶ್ನೆ: ಅಮೆರಿಕದ ವಿಸ್ಕಾನ್ಸಿನ್‌ನ ಬ್ರಸೆಲ್ಸ್ ಮತ್ತು ಅದರ ಒಲೆ

ಪ್ರಶ್ನೆ (ಶಿಕಾಗೊದಿಂದ): ಊರಿನಿಂದ ಅಪ್ಪ ಅಮ್ಮ ಬಂದಿದ್ದಾರೆ. ಬೆಲ್ಜಿಯಂನವರು ಬಂದು ಕಟ್ಟಿದ ಹಳ್ಳಿ ತೋರಿಸೋಣ ಎಂದು ನಕ್ಷೆ ನೋಡಿದರೆ, ಮಿಲ್ವಾಕಿ ದಾಟಿದ ಮೇಲೆ ‘ಬೆಲ್ಜಿಯಂ’ ಎಂಬ ಊರೇ ಇದೆ. ಅಲ್ಲಿಗೆ ಹೋದರೆ ಸಾಕಲ್ಲವೆ?

ಸಾಲದು. ಹೆಸರು ನೋಡಿ ಕಾರು ತಿರುಗಿಸಿದವರು ಮೋಸಹೋಗುವುದೇ ಇಲ್ಲಿ. ಬೆಲ್ಜಿಯಂ ಎಂಬ ಆ ಹಳ್ಳಿಯಲ್ಲಿ ನೆಲೆಸಿದವರು ಲಕ್ಸೆಂಬರ್ಗಿನವರು. ಇನ್ನೂ ಉತ್ತರದ ಕಿವಾನಿ ಕೌಂಟಿಯಲ್ಲಿ ‘ಲಕ್ಸೆಂಬರ್ಗ್’ ಎಂಬ ಹಳ್ಳಿ ಸಿಗುತ್ತದೆ; ಅದರ ಸುತ್ತಮುತ್ತಲಿನ ಹೊಲಮನೆಗಳು ಬೆಲ್ಜಿಯನ್ನರವು! ನೀವು ಹೋಗಬೇಕಾದದ್ದು ಗ್ರೀನ್ ಬೇ ನಗರದಿಂದ ಈಶಾನ್ಯಕ್ಕೆ, 57ನೇ ಹೆದ್ದಾರಿಯಲ್ಲಿ. ಮುಕ್ಕಾಲು ಗಂಟೆಯೊಳಗೆ ಡೋರ್ ಕೌಂಟಿಯ ನಾಮೂರ್, ಅದರ ಬೆನ್ನಿಗೇ ಬ್ರಸೆಲ್ಸ್. ನಾಮೂರ್‌ನ ಹಳೆಯ ಚರ್ಚ್ ಕಟ್ಟಡದಲ್ಲೀಗ ಬೆಲ್ಜಿಯನ್ ಪರಂಪರೆಯ ಕೇಂದ್ರವಿದೆ. ತೆರೆದಿರುವ ದಿನ ವಿಚಾರಿಸಿಕೊಂಡೇ ಹೊರಡಿ.

ಇನ್ನೊಂದು ಮಾತು: ವಿಸ್ಕಾನ್ಸಿನ್‌ನಲ್ಲಿ ‘ಟೌನ್’ ಅಂದರೆ ಪೇಟೆಯಲ್ಲ. ಹೆಚ್ಚುಕಡಿಮೆ 36 ಚದರ ಮೈಲಿಯ ಆಡಳಿತ ಪ್ರದೇಶ, ನಮ್ಮ ಹೋಬಳಿಯ ಹಾಗೆ. ‘ಟೌನ್ ಆಫ್ ಬ್ರಸೆಲ್ಸ್’ ಎಂಬ ಫಲಕ ಕಂಡ ಮೇಲೂ ಹೊಲಗಳೇ ಬರುತ್ತವೆ. ದಾರಿ ತಪ್ಪಿತೆಂದು ಹಿಂದಿರುಗಬೇಡಿ.

ಪ್ರಶ್ನೆ (ಮೈಸೂರಿನಿಂದ): ಅಷ್ಟು ದೂರದ ಕಾಡಿಗೆ ಈ ಬೆಲ್ಜಿಯನ್ನರು ಹೋದದ್ದಾದರೂ ಏಕೆ?

ಬೆಲ್ಜಿಯಂನ ಬ್ರಬಾಂಟ್ ಪ್ರಾಂತ್ಯದ ಗ್ರೇ-ದ್ವಾಸೋ ಸುತ್ತಿನ ಸುಮಾರು ಹತ್ತು ಕುಟುಂಬಗಳು 1853ರಲ್ಲಿ ಆಂಟ್‌ವರ್ಪ್ ಬಂದರಿನಿಂದ ಹಡಗು ಹತ್ತಿದವು. ಊರಲ್ಲಿ ತುಂಡು ಭೂಮಿ. ವಿಸ್ಕಾನ್ಸಿನ್‌ನಲ್ಲಿ ಆಗ ಸರ್ಕಾರಿ ಜಮೀನು ಎಕರೆಗೆ ಒಂದೂಕಾಲು ಡಾಲರ್. ಮೊದಲು ಅಲ್ಲಿನ ಶಿಬಾಯ್ಗನ್ ಊರಿನ ಕಡೆ ನೋಡಿದರು, ಅಲ್ಲಿನವರ ಮಾತು ಅರ್ಥವಾಗಲಿಲ್ಲ. ಗ್ರೀನ್ ಬೇ ಕಡೆ ಫ್ರೆಂಚ್ ಆಡುವವರಿದ್ದರು. ಡೇಮ್ಸ್ ಎಂಬ ಬೆಲ್ಜಿಯನ್ ಪಾದ್ರಿಯೂ ಸಿಕ್ಕಿ ತನ್ನ ಕಡೆಗೆ ಕರೆದರು. ಹಾಗಾಗಿ ಜಾಗವನ್ನು ನಿರ್ಧರಿಸಿದ್ದು ಮಣ್ಣಿಗಿಂತ ಮಾತು ಎನ್ನಬೇಕು. ಅವರ ಮನೆಮಾತು ವಲೂನ್, ಫ್ರೆಂಚಿನ ಹತ್ತಿರದ ಬಂಧು. ಶಾಲೆಯಲ್ಲಿ ಇಂಗ್ಲಿಷ್, ಮನೆಯಲ್ಲಿ ವಲೂನ್ ಎಂದು ಕೆಲವು ತಲೆಮಾರು ನಡೆಯಿತು. ಈಗ ಉಳಿದಿರುವುದು ಹಿರಿಯರ ಬಾಯಲ್ಲಿ ಮಾತ್ರ.

ಪ್ರಶ್ನೆ (ಹಾಸನದಿಂದ): ಅಲ್ಲಿನ ಹಳೆಯ ಮನೆಗಳ ಫೋಟೊ ನೋಡಿದೆ. ಅಮೆರಿಕದ ಹಳ್ಳಿಯೆಂದರೆ ಮರದ ಮನೆ ಅಲ್ಲವೆ? ಇಲ್ಲೇಕೆ ಇಷ್ಟೊಂದು ಕೆಂಪು ಇಟ್ಟಿಗೆ?

ಬೆಂಕಿ. ಮೊದಲ ಹದಿನೆಂಟು ವರ್ಷ ಇವರೂ ಮರದ ದಿಮ್ಮಿಯ ಮನೆಯಲ್ಲೇ ಇದ್ದರು. ಕಾಡು ಕಡಿದು ಚಾವಣಿಯ ಮರದ ಹಲಗೆ ಸೀಳಿ ಮಾರುತ್ತಿದ್ದರು. 1871ರ ಅಕ್ಟೋಬರ್ 8ರ ರಾತ್ರಿ, ಶಿಕಾಗೊ ಉರಿದ ಅದೇ ರಾತ್ರಿ, ಒಣಗಿ ನಿಂತ ಕಾಡಿಗೆ ಬೆಂಕಿ ಬಿತ್ತು. ಗ್ರೀನ್ ಬೇ ಕೊಲ್ಲಿಯ ಆಚೆ ಪೆಶ್ಟಿಗೊ ಊರು ನಾಶವಾಯಿತು. ಈಚೆ ವಿಲಿಯಮ್ಸನ್‌ವಿಲ್ ಎಂಬ ಹಲಗೆ ಕಾರ್ಖಾನೆಯ ಹಳ್ಳಿಯಲ್ಲಿ ಸುಮಾರು 60 ಜನ ಸತ್ತರು, ಹಳ್ಳಿ ಮತ್ತೆ ಏಳಲೇ ಇಲ್ಲ. ಮರವೇ ಇಲ್ಲದ ಮೇಲೆ ಹಲಗೆ ಸೀಳುವುದೆಲ್ಲಿ? ಸುಟ್ಟ ನೆಲವನ್ನು ಉತ್ತು ಪೂರ್ತಿ ರೈತರಾದರು, ಮನೆಗೆ ಇಟ್ಟಿಗೆ ಹಿಡಿದರು.

ಆದರೆ ಇಟ್ಟಿಗೆಯೆಲ್ಲ ಪೂರ್ತಿ ಇಟ್ಟಿಗೆಯಲ್ಲ. ಕೆಲವು ಮನೆಗಳಲ್ಲಿ ಒಳಗೆ ದಿಮ್ಮಿಯ ಗೋಡೆ, ಹೊರಗೆ ಒಂದೇ ವರಸೆ ಇಟ್ಟಿಗೆಯ ಹೊದಿಕೆ. ಕಿಟಕಿಯ ಬಳಿ ನಿಂತು ಗೋಡೆಯ ದಪ್ಪ ನೋಡಿ, ಸುಳಿವು ಅಲ್ಲೇ ಸಿಗುತ್ತದೆ. ಮೇಲೆ ತ್ರಿಕೋನ ಗೋಡೆಯಲ್ಲಿ ಪುಟ್ಟ ದುಂಡು ಕಿಂಡಿ, ಕಿಟಕಿಯ ನೆತ್ತಿಗೆ ತಿಳಿ ಬಣ್ಣದ ಇಟ್ಟಿಗೆ: ಇದು ಬೆಲ್ಜಿಯನ್ ಗುರುತು. ನಾಮೂರ್ ಪ್ರದೇಶವನ್ನು 1990ರಲ್ಲಿ ರಾಷ್ಟ್ರೀಯ ಚಾರಿತ್ರಿಕ ಸ್ಮಾರಕವೆಂದು ಘೋಷಿಸಿದ್ದಾರೆ. ಹೆಚ್ಚಿನವು ಜನ ವಾಸವಿರುವ ಮನೆಗಳು, ರಸ್ತೆಯಿಂದಲೇ ನೋಡಬೇಕು. ದಾರಿಬದಿಯಲ್ಲಿ ಕುಟುಂಬಗಳು ಹರಕೆಗೆ ಕಟ್ಟಿದ ಪುಟ್ಟ ಗುಡಿಗಳು ಕಾಣುತ್ತವೆ, ನಾಲ್ಕೈದು ಜನ ನಿಂತರೆ ತುಂಬಿಹೋಗುವಷ್ಟು.

ಪ್ರಶ್ನೆ (ಶಿರಸಿಯಿಂದ): ಮನೆಯ ಹಿಂದೆ ಗೋಡೆಯಿಂದ ಗೂನಿನಂತೆ ಹೊರಚಾಚಿದ ಕಟ್ಟಡ ಏನು?

ಬ್ರೆಡ್ ಒಲೆಯ ಬೆನ್ನು ಅದು. ಬೇಸಿಗೆ ಅಡುಗೆಮನೆ ಎಂದು ಪ್ರತ್ಯೇಕ ಕೋಣೆ. ಒಲೆಯ ಬಾಯಿ ಒಳಗೆ, ಹೊಟ್ಟೆ ಹೊರಗೆ. ಉರಿ ಹಾಕುವುದೂ ಬೇಯಿಸುವುದೂ ಒಂದೇ ಗೂಡಿನಲ್ಲಿ, ನಮ್ಮ ಒಲೆಯಂತೆ ಮೇಲೊಂದು ಕೆಳಗೊಂದು ಇಲ್ಲ. ಒಣ ಕಟ್ಟಿಗೆ ಎರಡು ಗಂಟೆ ಉರಿಸಬೇಕು. ಮೊದಲು ಗುಮ್ಮಟದ ಒಳಮೈ ಮಸಿಯಿಂದ ಕಪ್ಪಾಗುತ್ತದೆ. ಕಾವು ಏರಿದಾಗ ಮಸಿಯೇ ಸುಟ್ಟು ಇಟ್ಟಿಗೆ ಬೆಳ್ಳಗೆ ತಿರುಗುತ್ತದೆ. ಆಗ ಕೆಂಡ ಎಳೆದು, ಕೋಲಿಗೆ ಕಟ್ಟಿದ ಒದ್ದೆ ಬಟ್ಟೆಯಿಂದ ನೆಲ ಒರೆಸಿ, ಬಾಗಿಲು ಮುಚ್ಚಿ ಸ್ವಲ್ಪ ಹೊತ್ತು ಬಿಡಬೇಕು. ಬಿಡದಿದ್ದರೆ ಹೊರಮೈ ಸೀದು, ಒಳಗೆ ಹಸಿ ಉಳಿಯುತ್ತದೆ. ಚಿಟಿಕೆ ಹಿಟ್ಟು ಎರಚಿ ನೋಡಿ: ಥಟ್ಟನೆ ಕರಿದಾದರೆ ಕಾಯಿರಿ, ನಿಧಾನವಾಗಿ ಕಂದಿದರೆ ಸರಿ. ದೊಡ್ಡ ಬ್ರೆಡ್ ಮೊದಲು, ಇಳಿಯುವ ಕಾವಿಗೆ ತೆಳು ತಿಂಡಿ. ಚಾವಣಿ ಸೋರಿದರೆ ಒಲೆಯ ಗತಿ ಮುಗಿಯಿತು: ಸಂದಿಗೆ ಇಳಿದ ನೀರು ಚಳಿಗಾಲದಲ್ಲಿ ಹೆಪ್ಪುಗಟ್ಟಿ ಹಿಗ್ಗಿ ಇಟ್ಟಿಗೆಯನ್ನು ಸಡಿಲಿಸುತ್ತದೆ.

ಪ್ರಶ್ನೆ (ಧಾರವಾಡದಿಂದ): ಬೆಲ್ಜಿಯನ್ ಪೈ ಮನೆಯಲ್ಲಿ ಮಾಡಬಹುದೆ? ಮೊಟ್ಟೆ ಬೇಡ. ಅಲ್ಲಿಗೆ ಹೋದರೆ ಸಸ್ಯಾಹಾರಿಗಳಿಗೆ ಬೇರೇನು ಸಿಗುತ್ತದೆ?

ಸುಗ್ಗಿಯ ಹಬ್ಬ ‘ಕೆರ್ಮಿಸ್’ನ ತಿಂಡಿ ಇದು. ಸಾಮಾನ್ಯ ಪೈಯಂತೆ ಪುಡಿಯಾಗುವ ತಳವಲ್ಲ. ಯೀಸ್ಟ್ ಹಾಕಿ ಉಬ್ಬಿಸಿದ ಮೆತ್ತನೆಯ ಹಿಟ್ಟು, ಮೇಲೆ ಹಣ್ಣು, ಅದರ ಮೇಲೆ ಸಿಹಿ ಚೀಸ್.

22 ಸೆಂ.ಮೀ.ನ ಎರಡಕ್ಕೆ: ಮೈದಾ 200 ಗ್ರಾಂ, ಸಕ್ಕರೆ 25 ಗ್ರಾಂ, ಇನ್‌ಸ್ಟಂಟ್ ಯೀಸ್ಟ್ ಒಂದು ಟೀ ಚಮಚ, ಚಿಟಿಕೆ ಉಪ್ಪು, ಬೆಣ್ಣೆ 40 ಗ್ರಾಂ, ಉಗುರುಬೆಚ್ಚಗಿನ ಹಾಲು 100 ಮಿ.ಲೀ. (ಮೊಟ್ಟೆ ತಿನ್ನುವವರು ಒಂದು ಮೊಟ್ಟೆ ಹಾಕಿ ಹಾಲನ್ನು ಅರ್ಧಕ್ಕಿಳಿಸಿ.) ನಾದಿ ಒಂದು ಗಂಟೆ ಬಿಡಿ. ಬೀಜ ತೆಗೆದ ಒಣ ಪ್ಲಮ್ 250 ಗ್ರಾಂ, ನೀರು 200 ಮಿ.ಲೀ., ಎರಡು ಚಮಚ ಸಕ್ಕರೆ ಬೇಯಿಸಿ ರುಬ್ಬಿ, ಬಾಣಲೆಯಲ್ಲಿ ಸೌಟಿನಿಂದ ಗೆರೆ ಎಳೆದರೆ ಕೂಡಿಕೊಳ್ಳದಷ್ಟು ಗಟ್ಟಿ ಮಾಡಿ. ನೀರಾಗಿಯೇ ಸುರಿದರೆ ತಳ ಹಸಿ ಹಸಿಯಾಗುವುದು ಖಂಡಿತ. ಚೀಸ್ ಬದಲಿಗೆ ಮೆತ್ತನೆ ಪನೀರ್ 250 ಗ್ರಾಂ, ಸಕ್ಕರೆ 60 ಗ್ರಾಂ, ಹಾಲು 50 ಮಿ.ಲೀ., ಎರಡು ಟೀ ಚಮಚ ಜೋಳದ ಪಿಷ್ಟ ನುಣ್ಣಗೆ ರುಬ್ಬಿ. ಬರೀ ಕೈಯಲ್ಲಿ ಕಿವುಚಿದರೆ ಮರಳು ಮರಳಾಗುತ್ತದೆ.

ಹಿಟ್ಟನ್ನು ಹೋಳಿಗೆಗಿಂತ ತುಸು ದಪ್ಪಕ್ಕೆ ತಟ್ಟೆಯಲ್ಲಿ ಹರಡಿ, ಹತ್ತೇ ನಿಮಿಷ ಬಿಟ್ಟು, ಹಣ್ಣು, ಪನೀರ್ ಬಳಿದು, ಓವನ್‌ನ ಕೆಳಗಿನ ತಟ್ಟೆಯಲ್ಲಿ 180 ಡಿಗ್ರಿಗೆ ಇಪ್ಪತ್ತು ನಿಮಿಷ. ಹೆಚ್ಚು ಹೊತ್ತು ಉಬ್ಬಲು ಬಿಟ್ಟರೆ ಪೈ ಹೋಗಿ ಬನ್ ಆಗುತ್ತದೆ.

ಹೊರಗೆ ತಿನ್ನುವುದಾದರೆ ಎಚ್ಚರ. ‘ಟ್ರಿಪ್’ ಹಂದಿಮಾಂಸದ ಸಾಸೇಜ್. ‘ಬೂಯಾ’ ದೊಡ್ಡ ಹಂಡೆಯಲ್ಲಿ ಗಂಟೆಗಟ್ಟಲೆ ಕುದಿಸಿದ ಕೋಳಿ, ದನದ ಮಾಂಸ, ತರಕಾರಿಯ ದಪ್ಪ ಸಾರು; ತರಕಾರಿ ಮೇಲೆ ಕಂಡಿತೆಂದು ಬಡಿಸಿಕೊಳ್ಳಬೇಡಿ. ಎಲೆಕೋಸು-ಆಲೂಗಡ್ಡೆಯ ‘ಜುಟ್’ ನೋಡಲು ಸಸ್ಯಾಹಾರಿ, ಆದರೆ ಹಂದಿಕೊಬ್ಬು ಬೆರೆಸಿದ್ದಾರೆಯೇ ಎಂದು ಕೇಳಿಯೇ ತಟ್ಟೆ ಹಿಡಿಯಿರಿ.