ತೈವಾನಿನ ನಟಿ ಬ್ರಿಜೆಟ್ ಲಿನ್ ಪ್ರೇಮಕಥೆಗಳ ನಾಯಕಿಯಿಂದ ಕತ್ತಿವರಸೆಯ ತಾರೆಯಾದದ್ದು ಹೇಗೆ?

ಮುಖ್ಯವಾಗಿ ಗಂಡುವೇಷದ ಪಾತ್ರಗಳಿಂದ. ಅಂಥವನ್ನು ಕೊಟ್ಟವರಲ್ಲಿ ಮೊದಲು ಹೇಳಬೇಕಾದ ಹೆಸರು ಹಾಂಗ್‌ಕಾಂಗ್‌ನ ನಿರ್ದೇಶಕ ತ್ಸುಯ್ ಹಾರ್ಕ್ ಅವರದು.

1973ರಲ್ಲಿ ತೆರೆಗೆ ಬಂದ ಲಿನ್ ಆ ದಶಕವಿಡೀ ತೈವಾನಿನ ಕಣ್ಣೀರಿನ ಪ್ರೇಮಚಿತ್ರಗಳ ನಾಯಕಿ. ಆ ಅಲೆ ಇಳಿದ ಮೇಲೆ ಹಾಂಗ್‌ಕಾಂಗ್ ಕೈಹಿಡಿಯಿತು. 1986ರಲ್ಲಿ ತ್ಸುಯ್ ನಿರ್ದೇಶನದ ಚಿತ್ರವೊಂದರಲ್ಲಿ ಕೂದಲು ಕತ್ತರಿಸಿ, ಗಂಡಸಿನ ಉಡುಪು ತೊಟ್ಟ ಕ್ರಾಂತಿಕಾರಿಯಾದರು. ತ್ಸುಯ್ ಅವರೇ ನಿರ್ಮಿಸಿದ 1992ರ 'ಸ್ವೋರ್ಡ್ಸ್‌ಮನ್ 2' ಚಿತ್ರದಲ್ಲಿ ಇನ್ನೂ ವಿಚಿತ್ರವಾದ ಪಾತ್ರ: ಅಜೇಯ ವಿದ್ಯೆಗಾಗಿ ಪುರುಷತ್ವವನ್ನೇ ತೊರೆದು ಹೆಣ್ಣಾಗುವ ಯೋಧ. ಸೂಜಿ ನೂಲನ್ನೇ ಆಯುಧ ಮಾಡಿಕೊಂಡ ಆ ಖಳ, ನನ್ನ ಮಟ್ಟಿಗೆ, ನಾಯಕನನ್ನೇ ಮಂಕಾಗಿಸುತ್ತಾನೆ.

ಪ್ರೇಕ್ಷಕರು ಇದನ್ನು ಒಪ್ಪಿದ್ದಕ್ಕೆ ಕಾರಣವಿದೆ. ಹೆಂಗಸರು ಗಂಡುಪಾತ್ರ ಕಟ್ಟುವುದು ಚೀನೀ ಸಂಗೀತನಾಟಕಗಳಲ್ಲೂ ಅವನ್ನು ಆಧರಿಸಿದ ಸಿನಿಮಾಗಳಲ್ಲೂ ಹಳೆಯ ರೂಢಿ. 1977ರಲ್ಲೇ ಅಂಥದ್ದೊಂದು ಚಿತ್ರದಲ್ಲಿ ಲಿನ್ ನಾಯಕನಾಗಿ ನಟಿಸಿದ್ದರು.

'ಸ್ವೋರ್ಡ್ಸ್‌ಮನ್ 2' ಆದ ಮೇಲೆ ಅದೇ ಅಚ್ಚಿನ ಪಾತ್ರಗಳು ಸಾಲುಗಟ್ಟಿದವು. ಆದರೆ ತೈವಾನಿನ ಪ್ರತಿಷ್ಠಿತ ಗೋಲ್ಡನ್ ಹಾರ್ಸ್ ಪ್ರಶಸ್ತಿ ತಂದುಕೊಟ್ಟದ್ದು 1990ರ ಪ್ರೇಮಕಥೆಯೇ! 1994ರಲ್ಲಿ ಮದುವೆಯಾಗಿ ನಟನೆಯಿಂದ ದೂರ ಸರಿದರು.